ಗುಡ್ಡದ ಕುಳ್ಳರು, ತೋಟದ ಕುಳ್ಳರು

ಗಂಗಾವತಿಯಿಂದ ಪಶ್ಚಿಮಕ್ಕೆ ಸುಮಾರು 10 ಕಿಲೋಮೀಟರು ದೂರದಲ್ಲಿ ಹಿರೇಬೆಣಕಲ್ ಎಂಬ ಗ್ರಾಮವಿದೆ. ಕೊಪ್ಪಳ ಜಿಲ್ಲೆಯ ಈ ಭಾಗವೆಲ್ಲ ಗುಂಡುಕಲ್ಲುಗಳ ಸೀಮೆ. ಒಂದರ ಮೇಲೊಂದು ಪೇರಿಸಿಟ್ಟಂತೆ ತೋರುವ ಬಂಡೆಗಳು, ಅವುಗಳ ಸಂದುಗಳಲ್ಲಿ ಬೆಳೆದ ಕುರುಚಲು ಗಿಡಗಳು, ಕೆಳಗೆ ಬಯಲಿನಲ್ಲಿ ತುಂಗಭದ್ರೆಯ ಕಾಲುವೆಯ ನೀರುಂಡ ಬತ್ತದ ಗದ್ದೆಗಳು. ಇದು ಅಲ್ಲಿಯ ನೋಟ. ಗ್ರಾಮದ ಸಮೀಪದಲ್ಲಿರುವ ಬೆಟ್ಟಸಾಲನ್ನು ಜನರು ಏಳು ಗುಡ್ಡಗಳೆಂದು ಕರೆಯುತ್ತಾರೆ. ಅದರಲ್ಲಿ ಒಂದು ಗುಡ್ಡಕ್ಕೆ ಮೋರ್ಯರ ಗುಡ್ಡವೆಂದು ಹೆಸರು. ಆಡುಮಾತಿನಲ್ಲಿ ಅದು ಮೋರೇರ ಗುಡ್ಡವಾಗಿದೆ.

ಬಂಡೆಗಳ ನಡುವಿನ ಕಾಲುದಾರಿಯನ್ನು ಹಿಡಿದು ಈ ಗುಡ್ಡವನ್ನು ಏರಿದವರಿಗೆ ಮೇಲೆ ಒಂದು ವಿಚಿತ್ರವಾದ ಊರು ಎದುರಾಗುತ್ತದೆ. ಊರೆಂದರೆ ಜನವಿಲ್ಲದ ಊರು. ತೆಳುವಾದ ಅಗಲವಾದ ಕಲ್ಲುಚಪ್ಪಡಿಗಳನ್ನು ಗೋಡೆಗಳಂತೆ ನೆಟ್ಟಗೆ ನಿಲ್ಲಿಸಿ, ಅವುಗಳ ಮೇಲೆ ಮಾಳಿಗೆಯಂತೆ ಮತ್ತೊಂದು ಚಪ್ಪಡಿಯನ್ನು ಹೊದಿಸಿದ್ದಾರೆ. ಗಾರೆಯಿಲ್ಲ, ಮಣ್ಣಿಲ್ಲ, ಕಲ್ಲಿನ ಭಾರವೇ ಕಲ್ಲನ್ನು ಹಿಡಿದು ನಿಲ್ಲಿಸಿದೆ. ಕೆಲವು ಮನೆಗಳು ಆಳೆತ್ತರಕ್ಕಿಂತಲೂ ಎತ್ತರವಾಗಿವೆ. ಇನ್ನು ಹಲವು ಮೊಣಕಾಲಿನ ಎತ್ತರವನ್ನೂ ಮೀರುವುದಿಲ್ಲ. ಕೆಲವದರ ಒಂದು ಗೋಡೆಯಲ್ಲಿ ಗುಂಡಗೆ ಕೊರೆದ ಕಂಡಿಯಿದೆ. ಬೆಳೆದ ಮನುಷ್ಯನು ಅದರೊಳಗೆ ತೂರಬೇಕಾದರೆ ಮೈಯನ್ನು ಹಿಡಿಮಾಡಿಕೊಳ್ಳಬೇಕು. ಇಂತಹ ಸುಮಾರು 400 ರಚನೆಗಳು ಈ ಒಂದೇ ಗುಡ್ಡದಲ್ಲಿವೆ.

ಇವನ್ನು ಕಟ್ಟಿದವರು ಯಾರು? ಸುತ್ತಲಿನ ಹಳ್ಳಿಗಳಲ್ಲಿ ಬಹುಕಾಲದಿಂದ ಈ ಪ್ರಶ್ನೆಗೆ ಸಿದ್ಧವಾದ ಉತ್ತರವಿದೆ. ಇವು ಮೋರ್ಯರ ಮನೆಗಳು. ಮೋರ್ಯರೆಂಬವರು ಕೆಲವೇ ಗೇಣು ಎತ್ತರದ ಕುಳ್ಳರು. ಆದರೆ ಅವರ ತೋಳಿನಲ್ಲಿ ಅಸಾಧಾರಣವಾದ ಬಲವಿತ್ತು. ಆ ಬಲದಿಂದಲೇ ಅವರು ಬಂಡೆಗಳನ್ನು ಎತ್ತಿ ತಂದು ತಮ್ಮ ಮೈಗೆ ತಕ್ಕ ಮನೆಗಳನ್ನು ಕಟ್ಟಿಕೊಂಡರು. ಹಿರೇಬೆಣಕಲ್ಲಿನಲ್ಲಿ ಮಾತ್ರವೇ ಈ ಮಾತು ಇರುವುದಲ್ಲ. 19ನೆಯ ಶತಮಾನದಲ್ಲಿ ಹೈದರಾಬಾದಿನ ನಿಜಾಮರ ಸೇವೆಯಲ್ಲಿದ್ದ ಮೆಡೋಸ್ ಟೇಲರ್ ಎಂಬ ಆಂಗ್ಲ ಅಧಿಕಾರಿಯು ಸುರಪುರದ ಸೀಮೆಯಲ್ಲಿ ಇಂತಹ ಅನೇಕ ಕಲ್ಲುಮನೆಗಳನ್ನು ಪರಿಶೀಲಿಸಿದಾಗಲೂ ಜನರ ಬಾಯಲ್ಲಿ ಅದೇ ಮೋರ್ಯರ ಹೆಸರು, ಅದೇ ಕುಳ್ಳರ ಕಥೆ ಕೇಳಿಬಂದಿತು. ತಮಿಳುನಾಡಿನ ಬೆಟ್ಟಗಳಲ್ಲಿಯೂ ಇಂತಹ ಕಲ್ಲುಮನೆಗಳನ್ನು ಕುಳ್ಳರ ಮನೆಗಳೆಂದು ಕರೆಯುವುದುಂಟು. ಆಕಾಶದಿಂದ ಬೆಂಕಿಯ ಮಳೆ ಸುರಿಯುವುದೆಂದು ಹೆದರಿ ಅವರು ಕಲ್ಲಿನ ಮನೆಗಳನ್ನು ಹೊಕ್ಕರೆಂದೂ ಕೆಲವು ಕಡೆ ಹೇಳುತ್ತಾರೆ.

ಈ ಕಥೆಯ ಹಿಂದೆ ಒಂದು ತರ್ಕವಿದೆ. ಮನೆಯ ಬಾಗಿಲನ್ನು ನೋಡಿ ಮನೆಯವನ ಎತ್ತರವನ್ನು ಊಹಿಸುವುದು ಸಹಜ. ಕಂಡಿ ಚಿಕ್ಕದಾಗಿದ್ದುದರಿಂದ ಒಳಗಿದ್ದವರು ಚಿಕ್ಕವರಾದರು. ಚಪ್ಪಡಿ ದೊಡ್ಡದಾಗಿದ್ದುದರಿಂದ ಅವರು ಬಲಶಾಲಿಗಳಾದರು. ಬಾಗಿಲಿನ ಬದಲು ಕಲ್ಲನ್ನೇ ಮುಖ್ಯವಾಗಿ ನೋಡಿದವರು ಬೇರೊಂದು ಉತ್ತರವನ್ನು ಕಂಡುಕೊಂಡಿದ್ದಾರೆ. ಕೊಡಗಿನಲ್ಲಿ ಇಂತಹ ರಚನೆಗಳಿಗೆ ಪಾಂಡುಪರೆ, ಎಂದರೆ ಪಾಂಡವರ ಕಲ್ಲುಗಳು ಎಂದು ಹೆಸರು. ಭೀಮನಂತಹವನು ಇರುವಾಗ ಬಂಡೆಯನ್ನು ಎತ್ತಿದವರು ಯಾರೆಂದು ಬೇರೆ ಹುಡುಕಬೇಕೆ?

ಇದೇ ಎರಡು ಬಗೆಯ ಉತ್ತರಗಳು ಯೂರೋಪಿನಲ್ಲಿಯೂ ಇವೆ ಎಂಬುದು ಕುತೂಹಲಕರವಾದ ಸಂಗತಿ. ಅಲ್ಲಿಯೂ ಇಂತಹ ಕಲ್ಲುಮನೆಗಳು ಹೇರಳವಾಗಿವೆ. ಅವನ್ನು ಡಾಲ್ಮೆನ್‌ಗಳೆನ್ನುತ್ತಾರೆ. ಜರ್ಮನಿಯ ಉತ್ತರ ಭಾಗದ ರೈತರು ಅವನ್ನು ದೈತ್ಯರ ಗೋರಿಗಳೆಂದು ತಿಳಿದಿದ್ದರು. ಫ್ರಾನ್ಸಿನ ಪಶ್ಚಿಮ ತುದಿಯಲ್ಲಿರುವ ಬ್ರಿಟನಿ ಪ್ರಾಂತದ ಜನರು ಅವು ಕೋರಿಗನ್ ಎಂಬ ಕುಳ್ಳರ ಮನೆಗಳೆಂದು ನಂಬಿದ್ದರು. ಬ್ರಿಟನಿಯ ಹಳ್ಳಿಗನೂ ಗಂಗಾವತಿಯ ಹಳ್ಳಿಗನೂ ಎಂದೂ ಸಂಧಿಸಿದವರಲ್ಲ. ಒಂದೇ ಬಗೆಯ ಕಲ್ಲು, ಒಂದೇ ಬಗೆಯ ಬಾಗಿಲು, ಒಂದೇ ಬಗೆಯ ಅಚ್ಚರಿ ಅವರಿಬ್ಬರ ಬಾಯಲ್ಲಿಯೂ ಒಂದೇ ಕಥೆಯನ್ನು ಹುಟ್ಟಿಸಿತು.

ಆದರೆ ಯೂರೋಪಿನ ಕುಳ್ಳನು ಕಲ್ಲುಮನೆಯಲ್ಲಿಯೇ ಉಳಿಯಲಿಲ್ಲ. ಅವನು ಗಣಿಗೆ ಇಳಿದನು. ಅಲ್ಲಿಂದ ಮೇಲೆದ್ದು ಕೊನೆಗೆ ಸಿರಿವಂತರ ಹೂದೋಟವನ್ನು ಸೇರಿದನು. ಇಂದು ಇಂಗ್ಲೆಂಡ್, ಜರ್ಮನಿ ಮೊದಲಾದ ದೇಶಗಳ ಮನೆಯಂಗಳಗಳಲ್ಲಿ ಕೆಂಪು ಚೂಪು ಟೊಪ್ಪಿಗೆಯ, ಬಿಳಿಗಡ್ಡದ, ಕೈಯಲ್ಲಿ ಗುದ್ದಲಿಯನ್ನೋ ಲಾಂದ್ರವನ್ನೋ ಹಿಡಿದ ಮೊಳದೆತ್ತರದ ಬೊಂಬೆಗಳು ಕಾಣಸಿಗುತ್ತವೆ. ಹೂದೋಟದಲ್ಲಿ ನಿಂತವನಿಗೆ ಗಣಿಗಾರನ ಲಾಂದ್ರವೇಕೆ ಎಂಬುದನ್ನು ತಿಳಿಯಬೇಕಾದರೆ ಅವನ ಪೂರ್ವೋತ್ತರವನ್ನು ಸ್ವಲ್ಪ ವಿಚಾರಿಸಬೇಕು.

ಮಧ್ಯ ಯೂರೋಪಿನ ಬೆಟ್ಟಗಳಲ್ಲಿ ನೂರಾರು ವರ್ಷಗಳಿಂದ ಬೆಳ್ಳಿ, ತಾಮ್ರಗಳ ಗಣಿಗಳಿದ್ದವು. ಕತ್ತಲೆಯ ಸುರಂಗದಲ್ಲಿ ಮಿಣುಕುದೀಪವನ್ನು ಹಿಡಿದು ದುಡಿಯುವ ಗಣಿಗಾರನಿಗೆ ಪ್ರತಿಯೊಂದು ಸದ್ದೂ ಭಯದ ಸದ್ದೇ. ಎಲ್ಲಿಯೋ ನೀರು ತೊಟ್ಟಿಕ್ಕುತ್ತದೆ, ಎಲ್ಲಿಯೋ ಕಲ್ಲು ಬಿರಿಯುತ್ತದೆ. ಬಂಡೆಯ ಆಚೆಯಲ್ಲಿ ಇನ್ನಾರೋ ಅಗೆಯುತ್ತಿದ್ದಾರೆಂದು ಅವನಿಗೆ ತೋರುತ್ತಿತ್ತು. ಆ ಕಾಣದ ಅಗೆತಗಾರರನ್ನು ಜರ್ಮನಿಯ ಗಣಿಗಾರರು ಕೋಬೋಲ್ಡ್ ಎಂದು ಕರೆದರು. ಗಣಿಗಾರಿಕೆಯ ಬಗ್ಗೆ ಶಾಸ್ತ್ರೀಯವಾಗಿ ಗ್ರಂಥ ರಚಿಸಿದ ಅಗ್ರಿಕೋಲನಂತಹ (1494–1555) ವಿದ್ವಾಂಸನೂ ಗಣಿಗಳ ಈ ಕುಳ್ಳರನ್ನು ತನ್ನ ಬರಹದಲ್ಲಿ ಪ್ರಸ್ತಾಪಿಸಿದ್ದಾನೆ. ಅವನ ಸಮಕಾಲೀನನಾದ ಪ್ಯಾರಾಸೆಲ್ಸಸ್ (1493–1541) ಎಂಬ ವೈದ್ಯನು ಪೃಥ್ವಿ, ಜಲ, ವಾಯು, ಅಗ್ನಿಗಳಲ್ಲಿ ಒಂದೊಂದಕ್ಕೂ ಒಂದೊಂದು ಬಗೆಯ ಜೀವಿಗಳಿವೆಯೆಂದು ಪ್ರತಿಪಾದಿಸಿ, ಪೃಥ್ವಿಯ ಜೀವಿಗೆ ನೋಮ್ ಎಂಬ ಹೆಸರನ್ನಿತ್ತನು. ಮೀನು ನೀರಿನಲ್ಲಿ ಸಲೀಸಾಗಿ ಸಂಚರಿಸುವಂತೆ ನೋಮ್‌ಗಳು ಮಣ್ಣು ಕಲ್ಲುಗಳ ಮೂಲಕ ಸಂಚರಿಸುತ್ತವೆ ಎಂಬುದು ಅವನ ಅಭಿಮತ.

ಈ ಕಾಣದ ಕುಳ್ಳರು ವಿಜ್ಞಾನದಲ್ಲಿಯೂ ತಮ್ಮ ಗುರುತನ್ನು ಬಿಟ್ಟುಹೋಗಿದ್ದಾರೆ. ಗಣಿಗಳಲ್ಲಿ ಒಂದು ಬಗೆಯ ಅದಿರು ದೊರೆಯುತ್ತಿತ್ತು. ನೋಟಕ್ಕೆ ಬೆಲೆಬಾಳುವ ಅದಿರಿನಂತೆಯೇ ಇತ್ತು. ಕುಲುಮೆಗೆ ಹಾಕಿದರೆ ಬೆಳ್ಳಿ ಬರುತ್ತಿರಲಿಲ್ಲ, ವಿಷದ ಹೊಗೆ ಬರುತ್ತಿತ್ತು. ಕೋಬೋಲ್ಡ್‌ಗಳು ಬೆಳ್ಳಿಯನ್ನು ಕದ್ದು ಈ ಕೆಟ್ಟ ಕಲ್ಲನ್ನು ಇಟ್ಟುಹೋದುವೆಂದು ಗಣಿಗಾರರು ಶಪಿಸಿದರು. 1730ರ ದಶಕದಲ್ಲಿ ಸ್ವೀಡನ್ನಿನ ಬ್ರಾಂಟ್ ಎಂಬ ರಸಾಯನಶಾಸ್ತ್ರಜ್ಞನು ಆ ಅದಿರಿನಲ್ಲಿ ಹೊಸ ಲೋಹವೊಂದು ಅಡಗಿರುವುದನ್ನು ಕಂಡುಹಿಡಿದನು. ಅದೇ ಕೋಬಾಲ್ಟ್. ತಾಮ್ರದ ಬಣ್ಣವಿದ್ದರೂ ತಾಮ್ರವನ್ನು ಕೊಡದ ಇನ್ನೊಂದು ಅದಿರನ್ನು ಗಣಿಗಾರರು ನಿಕೆಲ್ ಎಂಬ ತುಂಟ ಭೂತದ ಹೆಸರಿನಿಂದ ಬೈಯುತ್ತಿದ್ದರು. 1751ರಲ್ಲಿ ಅದರಿಂದ ಬೇರ್ಪಡಿಸಿದ ಲೋಹವು ನಿಕೆಲ್ ಆಯಿತು. ಪ್ರಯೋಗಶಾಲೆಯ ಭಿತ್ತಿಪಟದಲ್ಲಿ 27 ಮತ್ತು 28ನೆಯ ಮೂಲವಸ್ತುಗಳಾಗಿ ಅಕ್ಕಪಕ್ಕದಲ್ಲಿ ಕುಳಿತಿರುವ ಈ ಎರಡು ಲೋಹಗಳು ಭೂತಗಳ ಹೆಸರನ್ನು ಹೊತ್ತಿವೆ.

ತೋಟದಲ್ಲಿ ಕುಳ್ಳರ ವಿಗ್ರಹಗಳನ್ನು ನಿಲ್ಲಿಸುವ ಪದ್ಧತಿಯ ಆರಂಭ ಅಷ್ಟೇನೂ ಹಿತವಾದುದಲ್ಲ. ಯೂರೋಪಿನ ಅರಮನೆಗಳಲ್ಲಿ ಹುಟ್ಟಿನಿಂದಲೇ ಎತ್ತರ ಕಡಮೆಯಿದ್ದ ವ್ಯಕ್ತಿಗಳನ್ನು ವಿನೋದಕ್ಕಾಗಿ ಇಟ್ಟುಕೊಳ್ಳುವ ರೂಢಿಯಿತ್ತು. ಆಸ್ಟ್ರಿಯದ ಸಾಲ್ಸ್‌ಬರ್ಗ್ ನಗರದ ಮಿರಬೆಲ್ ಉದ್ಯಾನದಲ್ಲಿ 17ನೆಯ ಶತಮಾನದ ಕೊನೆಯಲ್ಲಿ ಅಮೃತಶಿಲೆಯಲ್ಲಿ ಕಡೆದು ನಿಲ್ಲಿಸಿದ ಕುಳ್ಳರ ಸಾಲು ಈ ಅಭಿರುಚಿಯ ಸಾಕ್ಷಿಯಾಗಿ ಇಂದಿಗೂ ಇದೆ. ಆ ಕಲ್ಲಿನ ಮುಖಗಳಲ್ಲಿ ವಿಕಾರವನ್ನು ಎತ್ತಿ ತೋರಿಸಿದ್ದಾರೆ. ನೋಡಿ ನಗಬೇಕೆಂಬುದೇ ಅದರ ಉದ್ದೇಶ. ಮನುಷ್ಯನ ಎತ್ತರವನ್ನು ನಗೆಯ ವಸ್ತುವನ್ನಾಗಿ ಮಾಡಿದ ಆ ಕಾಲದ ಸಭ್ಯರ ನಡತೆ ಸಭ್ಯವಾಗಿತ್ತೆಂದು ಹೇಳಲಾಗದು.

ಇದಕ್ಕಿಂತ ಸೌಮ್ಯವಾದುದು ಗಣಿಯ ಕುಳ್ಳನ ಬೊಂಬೆ. 1847ರಲ್ಲಿ ಸರ್ ಚಾರ್ಲ್ಸ್ ಐಶಮ್ ಎಂಬ ಆಂಗ್ಲ ಜಮೀನುದಾರನು ಜರ್ಮನಿಯ ನ್ಯೂರೆಂಬರ್ಗ್ ನಗರದಿಂದ ಸುಟ್ಟಮಣ್ಣಿನ 21 ಬೊಂಬೆಗಳನ್ನು ತರಿಸಿ, ಲ್ಯಾಂಪೋರ್ಟ್ ಎಂಬಲ್ಲಿದ್ದ ತನ್ನ ಭವನದ ಮುಂದೆ ಕಲ್ಲುಗಳನ್ನು ಪೇರಿಸಿ ಮಾಡಿದ ಕೃತಕ ಗುಡ್ಡದಲ್ಲಿ ಅವನ್ನು ನಿಲ್ಲಿಸಿದನು. ಅವು ಗುದ್ದಲಿ ಹಿಡಿದು ಬಂಡೆಯನ್ನು ಅಗೆಯುವ ಗಣಿಗಾರರಂತೆ ತೋರುತ್ತಿದ್ದುವು. ಅವನ ಕಾಲದ ತರುವಾಯ ಮನೆಯವರಿಗೆ ಆ ಬೊಂಬೆಗಳು ಬೇಡವಾದವು. ಈಗ ಉಳಿದಿರುವುದು ಒಂದು ಮಾತ್ರ. ಅದಕ್ಕೆ ಲ್ಯಾಂಪಿ ಎಂದು ಹೆಸರಿಟ್ಟು ಭವನದೊಳಗೆ ಜೋಪಾನವಾಗಿ ಇರಿಸಿದ್ದಾರೆ.

ಸಿರಿವಂತನ ವಿನೋದವಾಗಿದ್ದ ಈ ಬೊಂಬೆಯನ್ನು ಸಾಮಾನ್ಯನ ಅಂಗಳಕ್ಕೆ ಇಳಿಸಿದವರು ಜರ್ಮನಿಯ ತುರಿಂಗಿಯ ಪ್ರಾಂತದ ಗ್ರೇಫನ್‌ರೋಡ ಎಂಬ ಹಳ್ಳಿಯ ಕುಶಲಕರ್ಮಿಗಳು. 1870ರ ದಶಕದಲ್ಲಿ ಅಲ್ಲಿ ಫಿಲಿಪ್ ಗ್ರೀಬೆಲ್, ಆಗಸ್ಟ್ ಹೈಸ್ನರ್ ಮೊದಲಾದವರು ಜೇಡಿಮಣ್ಣನ್ನು ಅಚ್ಚಿಗೆ ತುಂಬಿ, ಆವಿಗೆಯಲ್ಲಿ ಸುಟ್ಟು, ಕೈಯಿಂದ ಬಣ್ಣ ಬಳಿದು ಸಾವಿರಗಟ್ಟಲೆ ಬೊಂಬೆಗಳನ್ನು ಮಾಡತೊಡಗಿದರು. ಅಷ್ಟರಲ್ಲಿ ರೈಲುಮಾರ್ಗಗಳು ಬಂದಿದ್ದವು; ಬೊಂಬೆಗಳು ದೇಶದೇಶಗಳಿಗೆ ಹೋದವು. ಕೊಪ್ಪಳಕ್ಕೆ ಸಮೀಪದ ಕಿನ್ನಾಳದಲ್ಲಿಯೂ ಬೊಂಬೆಗಳನ್ನು ಮಾಡುವ ಚಿತ್ರಗಾರರ ಮನೆತನಗಳಿವೆ. ಆದರೆ ಅವರ ಬೊಂಬೆಯ ಬಾಳು ಬೇರೆ ಬಗೆಯದು. ಹಗುರವಾದ ಮರವನ್ನು ಕೆತ್ತಿ, ಗೋಣಿಯ ಚಿಂದಿಯ ಪುಡಿ, ಮರದ ಹೊಟ್ಟು, ಹುಣಸೆಬೀಜದ ಅಂಟುಗಳನ್ನು ಬೆರೆಸಿ ತಿದ್ದಿ, ಬಣ್ಣವಿಟ್ಟ ಆ ಬೊಂಬೆಯು ದೇವರ ಮನೆ, ಪಡಸಾಲೆಗಳಿಗೆ ಒಪ್ಪುವಂತಹುದು. ಮಳೆ ಬಿಸಿಲುಗಳಿಗೆ ಒಡ್ಡಬಾರದು. ಗ್ರೇಫನ್‌ರೋಡದ ಕುಳ್ಳನಾದರೋ ಮಳೆಯಲ್ಲಿ ನೆನೆಯಲೆಂದೇ ಹುಟ್ಟಿದವನು.

ಮುಂದಿನ ಕಥೆ ಏರಿಳಿತಗಳದು. ಎರಡು ಮಹಾಯುದ್ಧಗಳಿಂದ ಈ ಉದ್ಯಮಕ್ಕೆ ಪೆಟ್ಟುಬಿದ್ದಿತು. 1937ರಲ್ಲಿ ತೆರೆಕಂಡ ವಾಲ್ಟ್ ಡಿಸ್ನಿಯ ಹಿಮಗೌರಿ ಮತ್ತು ಏಳು ಕುಳ್ಳರ ಚಿತ್ರದಲ್ಲಿಯೂ ಕುಳ್ಳರು ಗಣಿಗಾರರೇ. ಅದರಿಂದ ಅವರಿಗೆ ಮತ್ತೆ ಮನ್ನಣೆ ದೊರೆಯಿತು. ಆಮೇಲೆ ಪ್ಲಾಸ್ಟಿಕ್ ಬೊಂಬೆಗಳು ಅಗ್ಗವಾಗಿ ಬಂದುವು. ಅಗ್ಗವಾದುದರಿಂದಲೇ ಅಭಿರುಚಿವಂತರ ತಿರಸ್ಕಾರಕ್ಕೂ ಪಾತ್ರವಾದುವು. ಲಂಡನ್ನಿನ ಪ್ರಸಿದ್ಧ ಚೆಲ್ಸೀ ಪುಷ್ಪಪ್ರದರ್ಶನದಲ್ಲಿ ಇವುಗಳಿಗೆ ಪ್ರವೇಶವಿರಲಿಲ್ಲ. 2013ರಲ್ಲಿ, ಪ್ರದರ್ಶನದ ಶತಮಾನೋತ್ಸವದ ನೆಪದಲ್ಲಿ, ಆ ಒಂದು ವರ್ಷ ಮಾತ್ರ ನಿಷೇಧವನ್ನು ಸಡಿಲಿಸಿದರು. ಫ್ರಾನ್ಸಿನಲ್ಲಿ 1996ರಲ್ಲಿ ಕೆಲವರು ತೋಟದ ಕುಳ್ಳರಿಗೆ ಬಿಡುಗಡೆ ಕೊಡಿಸುತ್ತೇವೆಂದು ಸಂಘ ಕಟ್ಟಿಕೊಂಡು, ಅನ್ಯರ ಅಂಗಳಗಳ ಬೊಂಬೆಗಳನ್ನು ರಾತ್ರಿ ಹೊತ್ತೊಯ್ದು ಕಾಡಿನಲ್ಲಿ ಬಿಟ್ಟುಬಂದರು. ಹಾಸ್ಯವಾದರೂ ಕಳವು ಕಳವೇ.

ನಮ್ಮ ನಾಡಿನಲ್ಲಿ ಕುಳ್ಳರ ವಿಗ್ರಹಗಳಿಲ್ಲವೆಂದಲ್ಲ. ಭೂಮಿಯೊಳಗಿನ ನಿಧಿಗೆ ಒಡೆಯನಾದ ಕುಬೇರನನ್ನು ನಮ್ಮ ಶಿಲ್ಪಿಗಳು ಗಿಡ್ಡ ಮೈಯ, ಡೊಳ್ಳು ಹೊಟ್ಟೆಯ ಯಕ್ಷನನ್ನಾಗಿಯೇ ಕಂಡರಿಸಿದ್ದಾರೆ. ಬಾದಾಮಿಯ ಮೊದಲನೆಯ ಗುಹಾಲಯದ ಜಗತಿಯ ಉದ್ದಕ್ಕೂ ಶಿವಗಣಗಳ ಸಾಲಿದೆ. 6ನೆಯ ಶತಮಾನದ ಈ ಕುಳ್ಳರು ಕುಣಿಯುತ್ತಾರೆ, ವಾದ್ಯ ನುಡಿಸುತ್ತಾರೆ, ಒಬ್ಬರನ್ನೊಬ್ಬರು ಅಣಕಿಸುತ್ತಾರೆ. ಮೇಲಿನ ಕಟ್ಟಡವೆಲ್ಲ ತಮ್ಮ ತಲೆಯ ಮೇಲಿದೆಯೆಂಬ ಚಿಂತೆ ಅವರಿಗಿಲ್ಲ. ಅಲ್ಲಿಯೇ 578ರ ಶಾಸನವಿರುವ ಮೂರನೆಯ ಗುಹೆಯಲ್ಲಿ ವಾಮನನ ಕಥೆಯ ಶಿಲ್ಪವಿದೆ. ಮೂರು ಹೆಜ್ಜೆ ನೆಲವನ್ನು ಬೇಡಿದ ಗಿಡ್ಡ ವಟುವು ಲೋಕವನ್ನೇ ಅಳೆದ ತ್ರಿವಿಕ್ರಮನಾದುದನ್ನು ಶಿಲ್ಪಿಯು ಒಂದೇ ಬಂಡೆಯಲ್ಲಿ ತೋರಿಸಿದ್ದಾನೆ. ನೆಲದೊಳಗಿನ ನಿಧಿಯೂ ಮೇಲಿನ ಭಾರವೂ ಕುಳ್ಳನ ಪಾಲಿಗೆ ಬಂದಿರುವುದು ಇಲ್ಲಿಯೂ ಅಲ್ಲಿಯೂ ಸಮಾನ. ಆದರೆ ಮೋರ್ಯರಿಗೆ ಮಾತ್ರ ಯಾರೂ ವಿಗ್ರಹವನ್ನು ಮಾಡಲಿಲ್ಲ. ಅವರ ಮನೆಗಳಿದ್ದವು, ಅವರ ಮುಖವನ್ನು ಕಂಡವರಿರಲಿಲ್ಲ.

ಹಾಗಾದರೆ ಗುಡ್ಡದ ಮೇಲೆ ನಿಜವಾಗಿ ಇದ್ದವರು ಯಾರು? ಮೋರ್ಯ ಎಂಬ ಹೆಸರು ಮೌರ್ಯ ಎಂಬುದನ್ನು ನೆನಪಿಗೆ ತರುತ್ತದೆ. ಕೊಪ್ಪಳದ ಗವಿಮಠ, ಪಾಲ್ಕಿಗುಂಡುಗಳಲ್ಲಿ ಅಶೋಕನ ಶಾಸನಗಳು 1931ರಲ್ಲಿ ಬೆಳಕಿಗೆ ಬಂದುದರಿಂದ ಮೌರ್ಯರ ಆಡಳಿತ ಈ ನೆಲವನ್ನು ಮುಟ್ಟಿತ್ತೆಂಬುದು ಖಚಿತ. ಆದರೆ ಹಿರೇಬೆಣಕಲ್ಲಿನ ಕಲ್ಲುಮನೆಗಳ ಕಾಲವನ್ನು ವಿದ್ವಾಂಸರು ಸುಮಾರು ಕ್ರಿ.ಪೂ. 800ರಿಂದ ಕ್ರಿ.ಪೂ. 200ರವರೆಗೆ ಎಂದು ಎಣಿಸುತ್ತಾರೆ. ಎಂದರೆ ಅಶೋಕನು ಹುಟ್ಟುವುದಕ್ಕೆ ನೂರಾರು ವರ್ಷಗಳ ಮೊದಲೇ ಅಲ್ಲಿ ಚಪ್ಪಡಿಗಳು ಏಳತೊಡಗಿದ್ದವು. ಇತಿಹಾಸಕಾರರು ಇದನ್ನು ಬೃಹತ್ ಶಿಲಾ ಸಂಸ್ಕೃತಿಯೆಂದು ಕರೆಯುತ್ತಾರೆ. ದಕ್ಷಿಣ ಭಾರತದಲ್ಲಿ ಕಬ್ಬಿಣದ ಬಳಕೆ ಹರಡಿದ ಕಾಲವದು.

ಇವು ವಾಸದ ಮನೆಗಳೂ ಅಲ್ಲ. ಸತ್ತವರ ನೆನಪಿಗಾಗಿ, ಅವರ ಅವಶೇಷಗಳಿಗಾಗಿ ಬದುಕಿದ್ದವರು ಕಟ್ಟಿದ ಸ್ಮಾರಕಗಳು. ಕಟ್ಟಿದವರ ವಸತಿಯ ಕುರುಹುಗಳು ಹತ್ತಿರದಲ್ಲಿಯೇ ದೊರೆತಿವೆ. ಮಡಕೆಯ ಚೂರುಗಳು, ಕಲ್ಲಿನ ಆಯುಧಗಳು, ಕಬ್ಬಿಣ ಕರಗಿಸಿದಾಗ ಉಳಿಯುವ ಕಿಟ್ಟ ಅಲ್ಲಿ ಕಂಡುಬಂದಿವೆ. ಬಂಡೆಗಳ ಆಸರೆಯಲ್ಲಿ ಕೆಂಪುಬಣ್ಣದ ಚಿತ್ರಗಳಿವೆ. ಕಂಡಿಯು ಚಿಕ್ಕದಾಗಿರುವುದು ಬದುಕಿರುವವರು ದಿನವೂ ಒಳಹೊಕ್ಕು ಹೊರಬರಬೇಕಾಗಿರಲಿಲ್ಲವೆಂಬ ಕಾರಣದಿಂದ. ಅವರು ನಮ್ಮಷ್ಟೇ ಎತ್ತರದ ಜನ.

ಅವರ ಕೆಲಸದ ಪ್ರಮಾಣವನ್ನು ಅರಿಯಲು ಒಂದು ಚಿಕ್ಕ ಲೆಕ್ಕ ಸಾಕು. ಕಣಶಿಲೆಯ ಒಂದು ಘನಮೀಟರು ಸುಮಾರು 2,650 ಕಿಲೋಗ್ರಾಂ ತೂಗುತ್ತದೆ. ಎರಡೂವರೆ ಮೀಟರು ಉದ್ದ, ಎರಡು ಮೀಟರು ಅಗಲ, 15 ಸೆಂಟಿಮೀಟರು ದಪ್ಪವಿರುವ ಚಪ್ಪಡಿಯೊಂದನ್ನು ಊಹಿಸಿಕೊಂಡರೆ ಅದರ ಘನಗಾತ್ರ 0.75 ಘನಮೀಟರು, ತೂಕ ಹೆಚ್ಚುಕಡಮೆ 2,000 ಕಿಲೋಗ್ರಾಂ. ಒಬ್ಬೊಬ್ಬರು 40 ಕಿಲೋಗ್ರಾಂ ಎತ್ತಬಲ್ಲರೆಂದರೂ ಅದನ್ನು ನೆಲದಿಂದ ಎಬ್ಬಿಸಲು 50 ಜನ ಬೇಕು. ಅಷ್ಟು ಜನ ಒಂದೇ ಉಸಿರಿನಲ್ಲಿ ಕೈಕೂಡಿಸಬೇಕು, ಅವರೆಲ್ಲರಿಗೆ ಯಾರಾದರೂ ಅಡಿಗೆ ಮಾಡಿ ಬಡಿಸಬೇಕು, ದನಕರುಗಳನ್ನು ಇನ್ನಾರಾದರೂ ನೋಡಿಕೊಳ್ಳಬೇಕು. ಒಂದು ಗೋಡೆಗೇ ಇಷ್ಟು. ಈ ಸೀಮೆಯ ಕಣಶಿಲೆಯು ಈರುಳ್ಳಿಯ ಸಿಪ್ಪೆಯಂತೆ ಪದರಪದರವಾಗಿ ಬಿಡುವ ಗುಣವುಳ್ಳದ್ದೆಂಬುದನ್ನು ಅವರು ಕಂಡುಕೊಂಡಿದ್ದರು. ಆ ಪದರಗಳನ್ನೇ ಎಬ್ಬಿಸಿ ಚಪ್ಪಡಿಗಳನ್ನು ಪಡೆದರು. ಕಲ್ಲು ತೆಗೆದ ಒಂದು ತಗ್ಗಿನಲ್ಲಿ ನೀರು ನಿಂತು ಕೆರೆಯಾಗಿದೆ. ಗುಡ್ಡದ ಮೇಲಿನ ಆ ಕೆರೆಯ ದಡದಲ್ಲಿ ನಿಂತರೆ ಕಲ್ಲು ಎಲ್ಲಿಂದ ಬಂದಿತೆಂಬ ಪ್ರಶ್ನೆಗೆ ಬೇರೆ ಉತ್ತರ ಬೇಕಾಗುವುದಿಲ್ಲ.

ಕಥೆ ಹೇಳಿದವರು ಎತ್ತರದ ವಿಷಯದಲ್ಲಿ ತಪ್ಪಿದರು, ಬಲದ ವಿಷಯದಲ್ಲಿ ತಪ್ಪಲಿಲ್ಲ. ಹೆಸರು ಉಳಿಯದ ಜನರ ದುಡಿಮೆ ಕಣ್ಣೆದುರಿಗೆ ನಿಂತಿರುವಾಗ ಅದಕ್ಕೆ ಒಬ್ಬ ಕರ್ತೃವನ್ನು ಕಲ್ಪಿಸಿಕೊಡಲೇಬೇಕಾಯಿತು. ಜರ್ಮನಿಯ ಗಣಿಗಾರನು ಕತ್ತಲೆಯಲ್ಲಿ ತನ್ನ ಗುದ್ದಲಿಯ ಮಾರ್ದನಿಯನ್ನೇ ಕೇಳಿ ಕುಳ್ಳನನ್ನು ಕಲ್ಪಿಸಿಕೊಂಡಂತೆ, ಇಲ್ಲಿಯ ರೈತನು ತನ್ನ ಪೂರ್ವಿಕರದೇ ಇರಬಹುದಾದ ಕೈಕೆಲಸವನ್ನು ಕಂಡು ಮೋರ್ಯನನ್ನು ಕಲ್ಪಿಸಿಕೊಂಡನು.

ಈ ಕಲ್ಪನೆಗಳಲ್ಲಿ ನಿರಪಾಯಕರವಲ್ಲದ ಒಂದು ಇದೆ. ಅದು ನಿಧಿಯ ಕಲ್ಪನೆ. ಪುರಾತನವಾದ ಕಲ್ಲಿನ ಅಡಿಯಲ್ಲಿ ಹೊನ್ನು ಇದ್ದೇ ಇರುವುದೆಂಬ ಆಸೆಯಿಂದ ಕೆಲವರು ಚಪ್ಪಡಿಗಳನ್ನು ಮಗುಚಿ ಅಗೆದಿದ್ದಾರೆ. ಬೃಹತ್ ಶಿಲಾ ಕಾಲದ ಇಂತಹ ನೆಲೆಗಳಲ್ಲಿ ಶಾಸ್ತ್ರೋಕ್ತವಾಗಿ ಅಗೆದಾಗ ಸಾಮಾನ್ಯವಾಗಿ ದೊರೆಯುವುದು ಕಪ್ಪು-ಕೆಂಪು ಬಣ್ಣದ ಮಡಕೆಗಳು, ಕಬ್ಬಿಣದ ಉಪಕರಣಗಳು, ಎಲುಬಿನ ಚೂರುಗಳು. ನಿಧಿಗಳ್ಳನು ಅವನ್ನು ಒಡೆದು ಎಸೆಯುತ್ತಾನೆ. ಒಡೆದ ಮಡಕೆ ಇದ್ದ ಸ್ಥಳವನ್ನು ಬಿಟ್ಟು ಕದಲಿತೆಂದರೆ ಅದರಿಂದ ತಿಳಿಯಬಹುದಾಗಿದ್ದ ವಿಷಯವೂ ಕದಲಿಹೋಯಿತು. ಭಾರತೀಯ ಪುರಾತತ್ವ ಇಲಾಖೆಯು ಈ ಗುಡ್ಡವನ್ನು ಸಂರಕ್ಷಿತ ನೆಲೆಯನ್ನಾಗಿ ನೋಡಿಕೊಳ್ಳುತ್ತಿದೆ. 2021ರಲ್ಲಿ ಯುನೆಸ್ಕೋದ ವಿಶ್ವ ಪರಂಪರೆಯ ತಾತ್ಕಾಲಿಕ ಪಟ್ಟಿಗೆ ಹಿರೇಬೆಣಕಲ್ ಸೇರಿತು. ಆದರೂ ಉರುಳಿದ ಚಪ್ಪಡಿಗಳನ್ನು ಗುಡ್ಡದಲ್ಲಿ ಅಲ್ಲಲ್ಲಿ ಕಾಣಬಹುದು.

ಗುಡ್ಡದಲ್ಲಿ ಇನ್ನೊಂದು ಕಲ್ಲು ಇದೆ. ಸುಮಾರು 10 ಮೀಟರು ಎತ್ತರದ ಬಂಡೆಯ ತಲೆಯ ಮೇಲೆ, ಬೋರಲು ಹಾಕಿದ ಕೊಪ್ಪರಿಗೆಯಂತೆ, ಅರೆಗೋಲಾಕಾರದ ಕಲ್ಲೊಂದು ಕುಳಿತಿದೆ. ಜನರು ಅದನ್ನು ನಗಾರಿ ಎನ್ನುತ್ತಾರೆ. ಅದರ ಅಡ್ಡಳತೆ ಸುಮಾರು ಎರಡು ಮೀಟರು. ಮರದ ಕೊಡತಿಯಿಂದ ಅದನ್ನು ಬಡಿದರೆ ಕಲ್ಲು ನಿಜವಾಗಿಯೂ ನಗಾರಿಯಂತೆ ಮೊಳಗುತ್ತದೆ. ಒಂದು ಕಿಲೋಮೀಟರಿನಾಚೆಗೂ ಅದರ ದನಿ ಕೇಳಿಸುವುದೆಂದು ಹೇಳುತ್ತಾರೆ.